ವಾರ್ನಿಷಿನ ಮೇಲಿದ್ದ ಮಗಳು

ಮಾರ್ಚ್ 3, ಮಂಗಳವಾರ

ನಮ್ಮ ವಟವಟಿಯ ಅಪ್ಪನಿಗೆ,

ಹೀಗೆ ಕರೆದದ್ದಕ್ಕೆ ಹುಬ್ಬೇರಿಸಬೇಡ. ಮೊದಲು ‘ಮಾನ್ಯರೇ’ ಅಂತ ಬರೆದೆ, ನನಗೇ ನಗು ಬಂತು. ಹಳೆಯ ಹಾಗೆ ಹೆಸರು ಹಿಡಿದು ಬರೆಯೋಣ ಅಂದರೆ ಕೈ ಬರಲಿಲ್ಲ. ಹನ್ನೊಂದು ವರ್ಷ ಬೇರೆ ಇದ್ದ ಮೇಲೆ ನಮ್ಮಿಬ್ಬರ ನಡುವೆ ಉಳಿದಿರುವ ನಂಟು ಇದೊಂದೇ. ಇದನ್ನು ಯಾವ ವಕೀಲನೂ ಬಿಡಿಸಿಕೊಡಲಾರ. ಹಾಗಾಗಿ ಇದೇ ಇರಲಿ.

ನಿನ್ನ ಚಿತ್ರ ಐದು ವಾರ ನನ್ನ ಮೇಜಿನ ಮೇಲೆ ಮಲಗಿತ್ತು. ಈ ಶನಿವಾರ ನಿನಗೆ ಅರವತ್ತು ತುಂಬಿದ್ದಕ್ಕೆ ಪ್ರದರ್ಶನ ಅಂತ ಇಡೀ ಮ್ಯೂಸಿಯಂ ಕುಣಿಯುತ್ತಿದೆ; ಆ ಚಿತ್ರ ಕಂದಿಹೋಗಿದೆ, ಅದಕ್ಕೊಂದು ಹೊಳಪು ಬರಲಿ ಅಂತ ನನ್ನ ಕೋಣೆಗೆ ತಂದರು. ಬೇರೆ ಯಾರಿಗಾದರೂ ಕೊಡಿ ಅಂತ ನಿರ್ದೇಶಕರಿಗೆ ಎರಡು ಸಲ ಹೇಳಿದೆ. ಇಪ್ಪತ್ತಾರು ವರ್ಷದಿಂದ ಇಲ್ಲಿ ಹಳೇ ಚಿತ್ರ ತೊಳೆಯೋರು ನೀವೊಬ್ಬರೇ ಮೇಡಂ, ಈಗ ಇನ್ಯಾರನ್ನ ಹುಡುಕಲಿ ಅಂದರು. ತೊಳೆಯೋರಂತೆ! ನಲ್ಲಿ ಕೆಳಗೆ ಕೂತು ಸೋಪು ಹಚ್ಚಿ ಉಜ್ಜುತ್ತೇನೆ ಅಂದುಕೊಂಡಿರಬೇಕು ಮಹಾನುಭಾವರು.

ಅದರ ಜೊತೆಗೆ ನೀನು ಅವರಿಗೆ ಕಳಿಸಿದ್ದ ಚೀಟಿಯನ್ನೂ ನನ್ನ ಕೈಗಿಟ್ಟರು. ಕಿಟಕಿಯ ಭಾಗ ಬಹಳ ಸೂಕ್ಷ್ಮ, ಪರದೆಯನ್ನೂ ಕೆಂಪು ಕ್ಲಿಪ್ಪನ್ನೂ ದಯವಿಟ್ಟು ಮುಟ್ಟಬಾರದು ಅಂತ ಬರೆದಿದ್ದೆಯಲ್ಲ, ಅದು. ಆ ಚೀಟಿ ನನ್ನ ಕೈಗೆ ಬರುತ್ತದೆ ಅಂತ ನಿನಗೆ ಹೊಳೆಯಲಿಲ್ಲವೇ? ಹೊಳೆದಿದ್ದರೆ ಬರೆಯುತ್ತಿರಲಿಲ್ಲ. ನನ್ನ ಕಸುಬಿನವರಿಗೆ ಹಾಗೆ ಹೇಳಿದರೆ, ಬೇರೆಲ್ಲೂ ನೋಡದಿದ್ದರೂ ಪರವಾಗಿಲ್ಲ, ಅಲ್ಲಿ ಮಾತ್ರ ನೋಡಿ ಅಂತ ಬೆರಳು ಮಾಡಿ ತೋರಿಸಿದ ಹಾಗೆ.

ನಿನ್ನ ಚಿತ್ರವನ್ನು ನಿನಗೇ ವರ್ಣಿಸುವುದು ಅಧಿಕಪ್ರಸಂಗ, ಗೊತ್ತು. ಆದರೂ ಕೇಳು. ಆ ಒಂದು ಕ್ಯಾನ್ವಾಸಿನಲ್ಲಿ ನೀನು ನೋಡಿದ್ದೇ ಬೇರೆ, ನಾನು ನೋಡಿದ್ದೇ ಬೇರೆ. ಹತ್ತಿರ ನಿಂತರೆ ಅದು ನಮ್ಮ ಹಳೆಯ ಬಾಡಿಗೆ ಮನೆಯ ಅಡುಗೆಮನೆ. ಗೋಡೆಗೆ ಒಂದು ಮರದ ಹಲಗೆ. ಹಲಗೆಯ ಕೆಳಗೆ ಕೊಕ್ಕೆಗೆ ನೇತುಹಾಕಿದ ಎರಡು ಲೋಟ. ಅವುಗಳ ನಡುವಿನಿಂದ ಇಳಿದು ಬಂದ ನಲ್ಲಿ, ತೊಟ್ಟಿಯ ಅಂಚಿಗೆ ಹಾಕಿದ ಒರೆಸುವ ಬಟ್ಟೆ. ಹಲಗೆಯ ಮೇಲ್ಗಡೆ ಕಿಟಕಿ, ಕಿಟಕಿಗೆ ಪರದೆ, ಪರದೆ ಹಾರಾಡದ ಹಾಗೆ ಒಂದು ಪಕ್ಕಕ್ಕೆ ಸಿಕ್ಕಿಸಿದ ಕೆಂಪು ಬಟ್ಟೆ ಕ್ಲಿಪ್ಪು. ಹತ್ತು ಹೆಜ್ಜೆ ಹಿಂದೆ ಹೋಗಿ ಕಣ್ಣು ಕಿರಿದು ಮಾಡಿದರೆ ಅಡುಗೆಮನೆ ಮಾಯ. ಲೋಟಗಳ ಬಾಯಿ ಎರಡು ಕಣ್ಣು, ಹಲಗೆ ಹುಬ್ಬು, ನಲ್ಲಿ ಮೂಗು, ಒರೆಸುವ ಬಟ್ಟೆ ತುಟಿ. ಕಿಟಕಿಯ ಬೆಳಕು ಹಣೆ, ಪರದೆ ಹಣೆಯ ಮೇಲೆ ಬಿದ್ದ ಕೂದಲು, ಬಟ್ಟೆ ಕ್ಲಿಪ್ಪು ತಲೆಕ್ಲಿಪ್ಪು. ಆರು ವರ್ಷದ ಹೆಣ್ಣುಮಗು ಗೋಡೆಯೊಳಗಿಂದ ನಮ್ಮನ್ನೇ ನೋಡುತ್ತಿರುತ್ತದೆ. ಮುಖ ಕಂಡಾಗ ಅಡುಗೆಮನೆ ಕಾಣುವುದಿಲ್ಲ, ಅಡುಗೆಮನೆ ಕಂಡಾಗ ಮುಖ ಕಾಣುವುದಿಲ್ಲ. ನಾವಿಬ್ಬರೂ ಅದೇ ಮನೆಯಲ್ಲಿ ಹಾಗೇ ಅಲ್ಲವೇ ಇದ್ದದ್ದು? ನಿನಗೆ ಸದಾ ಮುಖ, ನನಗೆ ಸದಾ ಅಡುಗೆಮನೆ.

ಮ್ಯೂಸಿಯಂನವರು ಆ ಹತ್ತನೆಯ ಹೆಜ್ಜೆಗೆ ನೆಲದ ಮೇಲೊಂದು ಹಳದಿ ಗೆರೆ ಅಂಟಿಸಿದ್ದಾರೆ. ಜನ ಅದರ ಮೇಲೆ ಸಾಲಾಗಿ ನಿಂತು ಕತ್ತು ಓರೆ ಮಾಡುತ್ತಾರೆ, ಕಣ್ಣು ಕಿವುಚುತ್ತಾರೆ, ಆಮೇಲೆ ಸಿಕ್ತು ಸಿಕ್ತು ಅಂತ ಕೂಗುತ್ತಾರೆ. ನನ್ನ ಕೋಣೆ ಆ ಗೋಡೆಯ ಹಿಂದೆಯೇ ಇದೆ. ಶಾಲೆ ಮಕ್ಕಳು ಬಂದ ದಿನ ಐವತ್ತು ಸಲ ಕೇಳಿಸುತ್ತದೆ. ಕಳೆದುಹೋದ ನನ್ನ ಮಗಳು ಒಂದೇ ಬೆಳಿಗ್ಗೆ ಐವತ್ತು ಜನರಿಗೆ ಸಿಗುತ್ತಾಳೆ, ಇಷ್ಟು ವರ್ಷವಾದರೂ ನನಗೆ ಮಾತ್ರ ಅದು ಅಭ್ಯಾಸವಾಗಿಲ್ಲ.

ಕಾಲೇಜಿನ ಲೈಬ್ರರಿ ನೆನಪಿದೆಯಾ? ಸರ್ರಿಯಲಿಸ್ಟರ ಆ ದಪ್ಪ ಪುಸ್ತಕ ಬಿಚ್ಚಿಟ್ಟುಕೊಂಡು ಇಡೀ ಮಧ್ಯಾಹ್ನ ನನ್ನ ತಲೆ ತಿಂದಿದ್ದೆ. ಬೆಟ್ಟದ ಸಾಲು ಮಲಗಿದ ಹೆಂಗಸಾಗುವ ಚಿತ್ರ, ಕುದುರೆಯ ಹೊಟ್ಟೆಯಲ್ಲಿ ಊರು ಕಾಣುವ ಚಿತ್ರ. ನನಗೆ ಬೆಟ್ಟ ಬೆಟ್ಟವಾಗಿಯೇ ಕಾಣುತ್ತಿತ್ತು. ನೀನು ಹೇಳಿದ ಮೇಲೆ ಹೆಂಗಸು ಕಂಡಳು, ಆಮೇಲೆ ಎಷ್ಟು ಪ್ರಯತ್ನಪಟ್ಟರೂ ಬೆಟ್ಟ ವಾಪಸು ಬರಲಿಲ್ಲ. ಕನಸಿನ ಚಿತ್ರದ ಗುಟ್ಟೇ ಇದು ಅಂದೆ ನೀನು. ಚಿತ್ರಕಾರ ಅರ್ಧ ಕೊಟ್ಟರೆ ಸಾಕು, ಮಿಕ್ಕ ಅರ್ಧ ನೋಡುವವರ ಹುಚ್ಚು ಕೊಡುತ್ತದೆ. ಇಲ್ಲೊಂದು ಮುಖ ಇದೆ ಅಂತ ಗಟ್ಟಿಯಾಗಿ ಹೇಳಿದರೆ ಖಾಲಿ ಗೋಡೆಯಲ್ಲೂ ಮುಖ ಕಂಡುಕೊಳ್ಳುತ್ತಾರೆ ಅಂದೆ. ಆವತ್ತು ಅದು ನನಗೆ ಜಾಣತನವಾಗಿ ಕಂಡಿತು. ನಿನ್ನನ್ನೇ ಕಟ್ಟಿಕೊಳ್ಳಬೇಕು ಅಂತ ತೀರ್ಮಾನ ಮಾಡಿದ್ದೂ ಅದೇ ಮೇಜಿನಲ್ಲಿ.

ಈಗ ಆಸ್ಪತ್ರೆಯ ಆ ಮೂರು ದಿನದ ವಿಷಯ. ಇಪ್ಪತ್ತು ವರ್ಷದಿಂದ ನಾವಿಬ್ಬರೂ ಅದರ ಸುತ್ತಲೇ ನಡೆದಿದ್ದೇವೆ, ಒಳಗೆ ಕಾಲಿಟ್ಟಿಲ್ಲ.

ಮಗುವಿಗೆ ಜ್ವರ ಏರುವುದಕ್ಕೆ ಹದಿನೈದು ದಿನ ಮುಂಚೆ ಆ ಚಿತ್ರ ಮುಗಿದಿತ್ತು. ಅದಕ್ಕೆ ವಾರ್ನಿಷ್ ಬಳಿದವಳು ನಾನೇ. ರಾಳವನ್ನು ತೆಳು ಬಟ್ಟೆಯಲ್ಲಿ ಕಟ್ಟಿ, ಟರ್ಪೆಂಟೈನ್ ಬಾಟಲಿಯಲ್ಲಿ ಮೂರು ದಿನ ನೇತುಹಾಕಿ, ಸೋಸಿ, ಅಗಲ ಬ್ರಷ್ಷಿನಿಂದ ಒಂದೇ ಸಮನೆ ಎಳೆದೆ. ವಟವಟಿ ಪಕ್ಕದಲ್ಲಿ ಸ್ಟೂಲು ಹಾಕಿಕೊಂಡು ಕೂತು ತಲೆಬುಡವಿಲ್ಲದ ಕಥೆ ಹೇಳುತ್ತಿದ್ದಳು. ಅವಳಿಗೆ ಆ ಹೆಸರು ಬಂದದ್ದೇ ಬಾಯಿಗೆ ಬಿಡುವಿಲ್ಲದ್ದಕ್ಕೆ. ಆವತ್ತು ಆ ಚಿತ್ರದಲ್ಲಿ ನನಗೆ ಕಂಡದ್ದು ನಮ್ಮ ಅಡುಗೆಮನೆ, ಅಷ್ಟೇ. ಎಷ್ಟು ಚೆನ್ನಾಗಿ ಬರೆದಿದ್ದಾನೆ, ನಾನು ದಿನಾ ತೊಳೆಯುವ ಲೋಟ ಇವನ ಕಣ್ಣಿಗೂ ಬಿದ್ದಿದೆಯಲ್ಲ ಅಂತ ಒಳಗೊಳಗೇ ಉಬ್ಬಿಹೋಗಿದ್ದೆ.

ಆಸ್ಪತ್ರೆಯಿಂದ ನಾನು ನಿನಗೆ ನಾಲ್ಕು ಸಲ ಫೋನ್ ಮಾಡಿದೆ. ಬರ್ತೀನಿ, ಕೆಲಸದ ಮಧ್ಯೆ ಇದ್ದೀನಿ ಅಂದೆ ನೀನು. ಮಗು ಜ್ವರದ ಮಂಪರಿನಲ್ಲೂ ಅಪ್ಪ ಎಲ್ಲಿ ಅಪ್ಪ ಎಲ್ಲಿ ಅಂತ ಒಂದೇ ಸಮನೆ ಕೇಳಿದಳು. ಏನು ಹೇಳಲಿ? ಅಪ್ಪ ಮನೇಲಿ ನಿನ್ನ ಚಿತ್ರ ಬರೀತಾ ಇದ್ದಾರೆ, ಮುಗಿಸಿ ತರ್ತಾರೆ ಅಂದೆ. ಅವಳು ಅದನ್ನು ನಂಬಿದಳು. ಕ್ಲಿಪ್ಪು ಹಾಕಿ ಬರೀಬೇಕು ಅಂತ ಹೇಳು ಅಂದಳು. ಮೂರನೆಯ ದಿನ ಮಧ್ಯಾಹ್ನ ಎಲ್ಲ ಮುಗಿಯಿತು. ನೀನು ಬಂದದ್ದು ಸಂಜೆಗೆ, ಅಂಗಿಯ ತೋಳಿಗೆ ಬಣ್ಣವೂ ಇರಲಿಲ್ಲ.

ನಾನು ಮಗುವಿಗೆ ಹೇಳಿದ ಸುಳ್ಳನ್ನು ನಿನಗೆ ಹೇಳಿದ್ದು ಅದಾಗಿ ಒಂದು ವಾರಕ್ಕೆ, ಬೈಯುತ್ತಾ. ನಿನ್ನ ಮಾನ ಉಳಿಸೋದಕ್ಕೆ ಸಾಯೋ ಮಗುವಿನ ಮುಂದೆ ಸುಳ್ಳು ಹೇಳಿದೆ, ನಿನಗಿಂತ ನಾನೇ ನೀಚಳು ಅಂತ ಕೂಗಾಡಿದೆ. ನೀನು ತಲೆ ಬಗ್ಗಿಸಿ ಕೇಳಿಸಿಕೊಂಡೆ. ನಾಲ್ಕು ತಿಂಗಳಾದ ಮೇಲೆ ಒಂದು ಭಾನುವಾರ ನನ್ನ ಕೈ ಹಿಡಿದು ಆ ಚಿತ್ರದ ಮುಂದೆ ನಿಲ್ಲಿಸಿ, ನೀನು ಸುಳ್ಳು ಹೇಳಲಿಲ್ಲ ಕಣೇ ಅಂದೆ. ಆ ಮೂರು ದಿನ ಮುಗಿದ ಚಿತ್ರವನ್ನ ಮತ್ತೆ ಬಿಚ್ಚಿ ಕೂತಿದ್ದೆ, ಅವಳನ್ನ ಅದರೊಳಗೆ ಇಟ್ಟೆ, ನಾನು ಅವಳ ಜೊತೆಗೇ ಇದ್ದೆ ಅಂದೆ.

ನನಗೆ ಏನೂ ಕಾಣಲಿಲ್ಲ. ನೀನು ಭುಜ ಹಿಡಿದು ಹಿಂದಕ್ಕೆ ಎಳೆದೆ, ಇನ್ನೂ ಹಿಂದೆ ಅಂದೆ, ಕಣ್ಣು ಕಿರಿದು ಮಾಡು ಅಂದೆ, ಇದು ಕಣ್ಣು, ಇದು ಕೂದಲು, ಇಗೋ ಅವಳ ಕೆಂಪು ಕ್ಲಿಪ್ಪು ಅಂದೆ. ಒಂದು ಗಂಟೆ ಹಿಡಿಯಿತು. ಆಮೇಲೆ ಇದ್ದಕ್ಕಿದ್ದ ಹಾಗೆ ಅವಳು ಎದ್ದುಬಂದಳು. ನಾನು ನೆಲಕ್ಕೆ ಕುಸಿದು ಕೂತು ಅತ್ತದ್ದು ನಿನಗೂ ನೆನಪಿರಬೇಕು. ಆಸ್ಪತ್ರೆಯ ಮೂರು ದಿನವನ್ನು ಆವತ್ತೇ ನಿನಗೆ ಮಾಫಿ ಮಾಡಿದೆ. ಆ ಒಂದು ಮುಖದ ಮೇಲೆ ನಿನ್ನ ಜೊತೆ ಇನ್ನೂ ಒಂಬತ್ತು ವರ್ಷ ಬಾಳಿದೆ.

ನಾನು ಮನೆ ಬಿಟ್ಟದ್ದು ಯಾಕೆ ಅಂತ ನೀನು ಇವತ್ತಿಗೂ ಜನರ ಹತ್ತಿರ ಹೇಳಿಕೊಂಡು ತಿರುಗುತ್ತೀಯಂತೆ, ಅವಳಿಗೆ ನನ್ನ ಕಲೆ ಅರ್ಥವಾಗಲಿಲ್ಲ ಅಂತ. ನಾನು ಬಿಟ್ಟದ್ದು ಟಿವಿಯವರು ನಿನ್ನನ್ನು ಮಾತಾಡಿಸಲು ಬಂದಿದ್ದ ದಿನ. ಕೊನೆಯ ಮೂರು ದಿನ ಮಗಳ ಜೊತೆಗಿದ್ದೆ ಅಂತ ನೀನು ಅಂದೆ. ಅವಳ ಕೈ ಹಿಡಿದುಕೊಂಡಿದ್ದಿರಾ ಅಂತ ಅವರು ಕೇಳಿದರು. ನೀನು ಹೂಂ ಅಂದೆ. ನಾನು ಅಡುಗೆಮನೆಯ ಬಾಗಿಲಲ್ಲಿ ಕಾಫಿ ತಟ್ಟೆ ಹಿಡಿದು ನಿಂತಿದ್ದೆ. ಆ ಕೈ ಹಿಡಿದಿದ್ದವಳು ಅಲ್ಲೇ ನಿಂತಿದ್ದೇನೆ ಅನ್ನುವುದೂ ನಿನಗೆ ಕಾಣಲಿಲ್ಲ.

ಆದರೂ ಚಿತ್ರದ ಮೇಲೆ ನನಗೆ ಸಿಟ್ಟಿರಲಿಲ್ಲ. ಬಾಯಿ ಸುಳ್ಳು ಹೇಳಿದರೂ ಕೈ ಸುಳ್ಳು ಹೇಳಿಲ್ಲ ಅಂದುಕೊಂಡಿದ್ದೆ. ಐದು ವಾರದ ಹಿಂದಿನವರೆಗೂ.

ನಮ್ಮಲ್ಲಿ ಯಾವ ಚಿತ್ರ ಬಂದರೂ ಮೊದಲು ಅದರ ಒಳಗನ್ನು ಫೋಟೋ ತೆಗೆಯುತ್ತಾರೆ. ಬಣ್ಣವನ್ನು ದಾಟಿ ಅಡಿಯಲ್ಲಿರುವ ಇದ್ದಿಲಿನ ಗೆರೆಗಳನ್ನು ತೋರಿಸುವ ಕ್ಯಾಮೆರಾ ಇದೆ. ಅದನ್ನು ನೋಡಿಕೊಳ್ಳುವ ಹೆಂಗಸು ನನಗಿಂತ ಎರಡು ವರ್ಷ ದೊಡ್ಡವಳು, ಇಡೀ ಮ್ಯೂಸಿಯಂ ಅವಳನ್ನು ಎಕ್ಸ್-ರೇ ಅಕ್ಕ ಅಂತಲೇ ಕರೆಯುವುದು. ಅವಳು ಕಂಪ್ಯೂಟರಿನಲ್ಲಿ ಚಿತ್ರ ಮೂಡಿಸಿ, ಕನ್ನಡಕ ಮೇಲೆತ್ತಿ, ಇದೇನ್ರೀ ಇದು ಹುಡುಗ ಅಲ್ವಾ ಅಂದಳು. ನೋಡಿದೆ. ಹಣೆಗೆ ಕೂದಲಿಲ್ಲ. ಕಿಟಕಿ ಬೋಳಾಗಿದೆ. ಹುಬ್ಬಿನ ಹಲಗೆ ಎಡಗಡೆ, ಪರದೆಯ ಅಂಚು ಮುಚ್ಚಿದ್ದ ಕಡೆ, ತುಂಡಾಗಿದೆ. ಆ ತುಂಡಾದ ಹುಬ್ಬು ನನಗೆ ಗೊತ್ತು. ಅತ್ತೆಯ ಮನೆಯ ನಡುಕೋಣೆಯಲ್ಲಿ ಕಟ್ಟು ಹಾಕಿಸಿ ತೂಗುಹಾಕಿದ್ದ ಫೋಟೋ, ಜೋಕಾಲಿಯಿಂದ ಬಿದ್ದು ಹುಬ್ಬು ಸೀಳಿಕೊಂಡ ಆರು ವರ್ಷದ ನೀನು. ನಾವು ಹೋದಾಗಲೆಲ್ಲ ಅತ್ತೆ ಆ ಕಥೆ ಹೇಳುತ್ತಿದ್ದರು, ಎಷ್ಟು ರಕ್ತ ಬಂತು, ನೀನು ಒಂದು ತೊಟ್ಟು ಕಣ್ಣೀರು ಹಾಕಲಿಲ್ಲ ಅಂತ. ಅದೇ ಮುಖ. ಅಳತೆಗೆ ಎಳೆದ ಚೌಕಗಳೂ ಇದ್ದವು, ಫೋಟೋ ನೋಡಿಕೊಂಡೇ ಇಳಿಸಿದ್ದೀಯ.

ನಮ್ಮ ಅಡುಗೆಮನೆಯಲ್ಲಿ ನೀನು ಬಚ್ಚಿಟ್ಟದ್ದು ನಿನ್ನನ್ನೇ. ನಾನು ಅದರ ಮೇಲೆ ಪ್ರೀತಿಯಿಂದ ವಾರ್ನಿಷ್ ಎಳೆದಿದ್ದೆ, ಕುರುಡಿಯ ಹಾಗೆ.

ಆಮೇಲೆ ಕತ್ತಲೆ ಕೋಣೆಗೆ ಒಯ್ದು ನೀಲಿ ದೀಪ ಹಾಕಿದೆವು. ಆ ದೀಪಕ್ಕೆ ಹಳೆಯ ವಾರ್ನಿಷ್ ಹಸಿರಾಗಿ ಹೊಳೆಯುತ್ತದೆ, ಅದರ ಮೇಲೆ ಯಾರಾದರೂ ಆಮೇಲೆ ಬಣ್ಣ ಹಚ್ಚಿದ್ದರೆ ಅದು ಕಪ್ಪು ಕಲೆಯಾಗಿ ಕಾಣುತ್ತದೆ. ಇಡೀ ಚಿತ್ರ ಹಸಿರು. ಕಪ್ಪಾಗಿದ್ದದ್ದು ಎರಡೇ ಕಡೆ: ಪರದೆ ಮತ್ತು ಕ್ಲಿಪ್ಪು. ಕೆಳಗೆ ನೀನು, ನಡುವೆ ನಾನು ಬಳಿದ ವಾರ್ನಿಷ್, ಅದರ ಮೇಲೆ ಅವಳು. ಅವಳು ಅಂದರೆ ಎಷ್ಟು? ಅಂಗೈ ಅಗಲದ ಬಣ್ಣ. ಕೈ ಪಳಗಿದವನಿಗೆ ಅರ್ಧ ಗಂಟೆಯ ಕೆಲಸ.

ಆ ಅರ್ಧ ಗಂಟೆಯಾದರೂ ಆ ಮೂರು ದಿನದ್ದಿರಬಹುದು ಅಂತ ಆಸೆಪಟ್ಟೆ, ನಾನೂ ಮನುಷ್ಯಳೇ. ಸೂಜಿಮೊನೆಯಷ್ಟು ಬಣ್ಣ ಕಿತ್ತು ಸೂಕ್ಷ್ಮದರ್ಶಕದ ಕೆಳಗಿಟ್ಟೆ. ನನ್ನ ವಾರ್ನಿಷಿಗೂ ನಿನ್ನ ಕೆಂಪಿಗೂ ನಡುವೆ ಧೂಳಿನ ಒಂದು ಗೆರೆ ಇತ್ತು, ಒಲೆಯ ಹೊಗೆ ಕೂತ ಕರಿ ಗೆರೆ. ಹದಿನೈದು ದಿನಕ್ಕೆ ಅಷ್ಟು ಧೂಳು ಕೂರುವುದಿಲ್ಲ. ತಿಂಗಳುಗಟ್ಟಲೆ ಬೇಕು. ನಾನು ಬೈಯುತ್ತಾ ಹೇಳಿದ ಸುಳ್ಳನ್ನು ನೀನು ಎತ್ತಿಕೊಂಡೆ, ಸಮಯ ನೋಡಿ ಅದಕ್ಕೆ ಬಣ್ಣ ಹಚ್ಚಿದೆ, ಆಮೇಲೆ ನನಗೇ ತಂದು ತೋರಿಸಿದೆ. ಆ ಮೂರು ದಿನ ನೀನು ಎಲ್ಲಿದ್ದೆ ಅಂತ ನನಗೆ ಈಗಲೂ ಗೊತ್ತಿಲ್ಲ. ಬಹುಶಃ ಹೆದರಿಕೊಂಡು ಮನೆಯಲ್ಲಿ ಸುಮ್ಮನೆ ಕೂತಿದ್ದೆ. ಹೆದರಿದ್ದೆ ಕಣೇ ಅಂತ ಒಂದೇ ಒಂದು ಸಲ ಹೇಳಿದ್ದರೆ, ಆಣೆ ಮಾಡಿ ಹೇಳುತ್ತೇನೆ, ನಿನ್ನನ್ನು ತಬ್ಬಿಕೊಂಡು ನಾನೇ ಅಳುತ್ತಿದ್ದೆ. ನಾನೂ ಹೆದರಿದ್ದೆ.

ನಮ್ಮ ಕಸುಬಿನಲ್ಲಿ ಮೊದಲು ಕಲಿಸುವ ಮಾತು, ಬರೆದವನ ಕೈ ಹಚ್ಚಿದ್ದನ್ನು ತೆಗೆಯಬಾರದು. ವಾರ್ನಿಷಿನ ಮೇಲಿದ್ದರೂ ಸರಿ, ಯಾವಾಗ ಹಚ್ಚಿದ್ದರೂ ಸರಿ, ಅದು ಅವನದು. ಇನ್ನೊಂದು ಕಡೆ, ವಾರ್ನಿಷ್ ತೆಗೆದರೆ ಅದರ ಮೇಲಿನ ಬಣ್ಣ ತಾನಾಗಿಯೇ ಅದರ ಜೊತೆ ಬರುತ್ತದೆ. ಉಳಿಸಬೇಕು ಅಂದರೆ ಅಷ್ಟು ಜಾಗ ಬಿಟ್ಟು ತೊಳೆಯಬೇಕು. ಎರಡು ದಿನ ನಾನು ಕಡ್ಡಿಗೆ ಹತ್ತಿ ಸುತ್ತುತ್ತಾ ಕೂತಿದ್ದೆ, ಒಂದನ್ನೂ ವಾರ್ನಿಷ್ ಕರಗಿಸುವ ದ್ರವದಲ್ಲಿ ಅದ್ದಲಿಲ್ಲ. ತೆಗೆದರೆ ಸುಳ್ಳು ಹೋಗುತ್ತದೆ, ಆದರೆ ಅದರ ಜೊತೆ ಅವಳೂ ಹೋಗುತ್ತಾಳೆ. ಬಿಟ್ಟರೆ ಅವಳಿರುತ್ತಾಳೆ, ನಿನ್ನ ಹಣೆಗೆ ಅಂಟಿಕೊಂಡು.

ನನ್ನ ಕೈ ತಡೆದದ್ದು ಆ ಕ್ಲಿಪ್ಪು. ಪರದೆ ಯಾರು ಬೇಕಾದರೂ ಬರೆಯಬಹುದು. ಆದರೆ ಮಗಳು ಯಾವ ಕ್ಲಾಸು ಅಂತ ಕೇಳಿದರೆ ತಡವರಿಸುತ್ತಿದ್ದ ಮನುಷ್ಯನಿಗೆ ಅವಳ ಕ್ಲಿಪ್ಪಿನ ಬಣ್ಣ ಗೊತ್ತಿತ್ತಲ್ಲ! ಬೀದಿ ಮೂಲೆಯ ಅಂಗಡಿಯ ಮುಂದೆ ಅತ್ತು ಕರೆದು ಕೊಡಿಸಿಕೊಂಡ ಕೆಂಪು ಕ್ಲಿಪ್ಪು, ಒಂದು ಹಲ್ಲು ಮುರಿದಿದ್ದರೂ ಬೇರೆ ಮುಟ್ಟುತ್ತಿರಲಿಲ್ಲ. ದಿನಾ ಬೆಳಿಗ್ಗೆ ಅವಳ ವಟವಟ ಕೇಳಿಸಿಕೊಳ್ಳುತ್ತಾ ನಾನೇ ಸಿಕ್ಕಿಸುತ್ತಿದ್ದೆ. ಆ ಕೆಂಪು ನೀನೂ ಗಮನಿಸಿದ್ದೀಯ ಅಂದರೆ, ಎಲ್ಲೋ ಒಂದು ಬೆಳಿಗ್ಗೆ ಅವಳನ್ನು ಸರಿಯಾಗಿ ನೋಡಿದ್ದೀಯ. ಅಷ್ಟೂ ಸುಳ್ಳಿನ ನಡುವೆ ಅದೊಂದು ನಿಜ ಅಂತ ನನಗನ್ನಿಸಿತು. ಅದಕ್ಕಾಗಿ ಎಲ್ಲವನ್ನೂ ಬಿಟ್ಟುಬಿಡುವ ಮನಸ್ಸೂ ಬಂದಿತ್ತು.

ಅಷ್ಟರಲ್ಲಿ ನಿರ್ದೇಶಕರು ಹೊಸ ಕ್ಯಾಟಲಾಗು ತಂದು ಮೇಜಿನ ಮೇಲಿಟ್ಟರು. ಆ ಚಿತ್ರದ ಎದುರಿನ ಪುಟದಲ್ಲಿ ನಿನ್ನ ಮಾತು ದಪ್ಪಕ್ಷರದಲ್ಲಿದೆ: ‘ಮಗಳು ಆಸ್ಪತ್ರೆಯಲ್ಲಿ ಉಸಿರು ಬಿಡುತ್ತಿದ್ದಳು, ನಾನು ಕ್ಯಾನ್ವಾಸಿನ ಮೇಲೆ ಅವಳಿಗೆ ಉಸಿರು ತುಂಬುತ್ತಿದ್ದೆ.’ ಪುಸ್ತಕ ಮುಚ್ಚಿಟ್ಟು ಹತ್ತಿ ಅದ್ದಿದೆ.

ಕಿಟಕಿಯ ಮೂಲೆಯಿಂದ ಶುರುಮಾಡಿದೆ. ಮೊದಲು ಹಳದಿ ಬಂತು, ನಾನು ನೆನೆಸಿ ಸೋಸಿದ ವಾರ್ನಿಷ್ಷೇ. ಆಮೇಲೆ ಪರದೆಯ ಕಂದು. ಕೊನೆಗೆ ಕೆಂಪು, ಹತ್ತಿಯ ತುದಿಗೆ ಇಷ್ಟೇ ಇಷ್ಟು. ಸುಲಭವಾಗಿ ಬಂತು, ತಡೆಯಲೇ ಇಲ್ಲ. ಒಂದೇ ಸಲಕ್ಕೆ ತೆಗೆದೆ ಅಂತ ಹೇಳಿದರೆ ನಾನೂ ನಿನ್ನ ಹಾಗೆಯೇ ಆದೇನು. ಎರಡು ಸಲ ನಿಲ್ಲಿಸಿ ಕೋಣೆಯ ಕಿಟಕಿಯ ಹತ್ತಿರ ಹೋಗಿ ನಿಂತೆ. ವರದಿಯಲ್ಲಿ ‘ಕಂದಿದ ವಾರ್ನಿಷ್ ಪೂರ್ತಿ ತೆಗೆಯಲಾಗಿದೆ’ ಅಂತ ಒಂದೇ ಸಾಲು ಬರೆದೆ. ನಿಯಮ ಮುರಿದದ್ದನ್ನು ಬರೆಯಲಿಲ್ಲ. ಇಪ್ಪತ್ತಾರು ವರ್ಷದಲ್ಲಿ ಇದೊಂದೇ ಸಲ. ನೀನು ಬೇಕಾದರೆ ದೂರು ಕೊಡು. ಅಲ್ಲಿ ಏನಿತ್ತು, ಅದನ್ನು ಯಾವತ್ತು ಹಚ್ಚಿದೆ, ಯಾತರ ಮೇಲೆ ಹಚ್ಚಿದೆ ಅಂತ ನೀನೇ ಬಾಯಿ ಬಿಟ್ಟು ಹೇಳಬೇಕಾಗುತ್ತದೆ, ಅಷ್ಟೇ.

ನಿನ್ನೆ ಚಿತ್ರವನ್ನು ಗೋಡೆಗೆ ಏರಿಸಿದರು. ಬೋಳು ಕಿಟಕಿ, ಬೋಳು ಹಣೆ, ಸೀಳಿದ ಹುಬ್ಬು. ಯಾರು ನೋಡಿದರೂ ಗಂಡುಮಗು. ನಿರ್ದೇಶಕರು ಹಳದಿ ಗೆರೆಯ ಮೇಲೆ ನಿಂತಾಗ ನಾನು ಪಕ್ಕದಲ್ಲೇ ನಿಂತಿದ್ದೆ, ಕೆಲಸ ಹೋದರೆ ಹೋಗಲಿ ಅಂತ. ಅವರು ಕಣ್ಣು ಕಿರಿದು ಮಾಡಿದರು. ಜೇಬಿನಿಂದ ಕರವಸ್ತ್ರ ತೆಗೆದರು. ಮಗು ಈಗ ಎಷ್ಟು ಸ್ಪಷ್ಟವಾಗಿ ಕಾಣ್ತಾಳೆ ಮೇಡಂ, ಅಂದರು. ಕಿಟಕಿಯ ಮೂಲೆಯಲ್ಲಿ ಕ್ಲಿಪ್ಪಿನ ಅಡಿಯಲ್ಲಿದ್ದ ಕಂದು ಚಿಲಕ ಈಗ ಕಾಣುತ್ತಿದೆಯಲ್ಲ, ಅದಕ್ಕೆ ಬೆರಳು ಮಾಡಿ, ಆ ಕ್ಲಿಪ್ಪು ನೋಡಿ, ಕೊಳೆ ಹೋದ ಮೇಲೆ ಅದರ ನಿಜವಾದ ಬಣ್ಣ ಬಂತು, ಇಷ್ಟು ದಿನ ಕೆಂಪು ಅಂದ್ಕೊಂಡಿದ್ವಲ್ಲ ಅಂದರು.

ನಾನು ಎಕ್ಸ್-ರೇ ಅಕ್ಕನ ಮುಖ ನೋಡಿದೆ. ಒಳಗಿನ ಹುಡುಗನನ್ನು ಮೊದಲು ಕಂಡವಳು ಅವಳೇ. ಅವಳೂ ಗೆರೆಯ ಮೇಲೆ ಹೋಗಿ ನಿಂತಳು, ಕ್ಯಾಟಲಾಗಿನಲ್ಲಿ ನಿನ್ನ ಮಾತು ಓದಿದಳು, ಮತ್ತೆ ಚಿತ್ರ ನೋಡಿದಳು. ಹೆಣ್ಣುಮಗುನೇ ಬಿಡಿ, ನಾನೇ ಅವತ್ತು ತಪ್ಪು ನೋಡಿದ್ದೆ, ಪಾಪದ್ದು ಅಂತ ಕಣ್ಣೊರೆಸಿಕೊಂಡಳು. ನನಗೆ ಜೋರಾಗಿ ನಗಬೇಕು ಅನ್ನಿಸಿತು. ಲೈಬ್ರರಿಯಲ್ಲಿ ನೀನು ಹೇಳಿದ ಪಾಠ ಎಷ್ಟು ನಿಜ! ನಮ್ಮ ಮಗಳನ್ನು ಅಲ್ಲಿಂದ ತೆಗೆಯಲು ನನಗೂ ಆಗುವುದಿಲ್ಲ. ಯಾಕೆಂದರೆ ಅವಳು ಅಲ್ಲಿ ಇರಲೇ ಇಲ್ಲ.

ಹಾಗಾಗಿ ಶನಿವಾರ ನೀನು ಧೈರ್ಯವಾಗಿ ಬಾ. ನಿನ್ನ ಕಥೆಗೆ ಏನೂ ಆಗಿಲ್ಲ. ಗೆರೆಯ ಮೇಲೆ ನಿಲ್ಲಿಸುತ್ತಾರೆ, ಮೈಕು ಕೊಡುತ್ತಾರೆ, ಮಗಳ ಕಥೆ ಹೇಳಿ ಅನ್ನುತ್ತಾರೆ, ಉಪ್ಪು ಖಾರ ಹಚ್ಚಿ ಹೇಳು. ಸಭೆಯಲ್ಲಿರುವ ಅಷ್ಟೂ ಜನಕ್ಕೆ ಅವಳು ಕಾಣುತ್ತಾಳೆ. ನಿನಗೊಬ್ಬನಿಗೆ ಮಾತ್ರ ನೀನು ಕಾಣುತ್ತೀಯ, ಹುಬ್ಬು ಸೀಳಿದ್ದರೂ ಅಳದ ಆ ಹುಡುಗ. ಅವನ ಕಣ್ಣು ನೋಡುತ್ತಾ ಅವಳಿಗಾಗಿ ಅಳಬೇಕು ನೀನು. ಇದೇ ನಾನು ನಿನಗೆ ಕೊಡುತ್ತಿರುವ ಉಡುಗೊರೆ. ನಾನು ಆವತ್ತು ಬರುವುದಿಲ್ಲ, ರಜೆ ಹಾಕಿದ್ದೇನೆ.

ಅವಳ ಕೆಂಪು ಇರುವ ಹತ್ತಿಯನ್ನು ಮಾತ್ರ ಎಸೆಯಲಿಲ್ಲ, ಸಣ್ಣ ಗಾಜಿನ ಶೀಶೆಯಲ್ಲಿಟ್ಟು ಮನೆಗೆ ತಂದಿದ್ದೇನೆ. ಬೀರುವಿನ ಮೇಲೆ ಅವಳ ಸಾಮಾನಿನ ತಗಡಿನ ಡಬ್ಬಿ ಇದೆಯಲ್ಲ, ಆಸ್ಪತ್ರೆಯಿಂದ ಬಂದ ದಿನ ಮುಚ್ಚಿದ್ದು, ಈ ಇಪ್ಪತ್ತು ವರ್ಷ ಅದನ್ನು ತೆರೆಯುವ ಧೈರ್ಯ ನನಗೆ ಬಂದಿಲ್ಲ. ನಾಳೆ ತೆರೆದು ಈ ಶೀಶೆಯನ್ನು ಅವಳ ಕ್ಲಿಪ್ಪಿನ ಪಕ್ಕದಲ್ಲಿಡುತ್ತೇನೆ. ನೀನು ಅವಳ ಬಗ್ಗೆ ನಿಜವಾಗಿ ತಿಳಿದುಕೊಂಡಿದ್ದ ಒಂದೇ ಒಂದು ಸಂಗತಿ ಅದು. ಅದು ಅವಳ ಹತ್ತಿರವೇ ಇರಲಿ.

ಇನ್ನು ನಿನ್ನಿಂದ ಉತ್ತರ ಬೇಡ.

ಇತಿ,
ವಟವಟಿಯ ಅಮ್ಮ

ಮರೆತ ಮಾತು: ಬುಧವಾರ ಬೆಳಿಗ್ಗೆ. ಲಕೋಟೆ ಅಂಟಿಸುವ ಮೊದಲು ಡಬ್ಬಿ ತೆರೆದೆ. ಎರಡು ರಿಬ್ಬನ್ನು, ತುಂಡು ಬಳಪ, ಒಂದು ಕಾಲುಚೀಲ, ಕ್ಲಿಪ್ಪು. ಅವಳದೇ, ಒಂದು ಹಲ್ಲು ಮುರಿದಿದೆ. ಆದರೆ ಅದು ಕೆಂಪಲ್ಲ, ನೀಲಿ. ಒಳ್ಳೆ ಗಾಢ ನೀಲಿ, ಇಪ್ಪತ್ತು ವರ್ಷವಾದರೂ ಒಂದಿಷ್ಟೂ ಮಾಸಿಲ್ಲ. ಡಬ್ಬಿಯನ್ನು ಮಗುಚಿ ಹುಡುಕಿದೆ, ಬೇರೆ ಕ್ಲಿಪ್ಪಿಲ್ಲ. ನೀನು ಅವಳನ್ನು ನೋಡಿರಲಿಲ್ಲ ಅನ್ನುವುದು ನನಗೆ ಹೊಸದಲ್ಲ. ಆದರೆ ದಿನಾ ಬೆಳಿಗ್ಗೆ ಅದನ್ನು ಸಿಕ್ಕಿಸುತ್ತಿದ್ದ ಕೈ ನನ್ನದು. ಕೆಂಪು ಅಂತ ನೀನು ಹೇಳಿದೆ, ನಾನು ಕೆಂಪನ್ನೇ ಕಂಡೆ. ಈಗ ನೀಲಿ ಕ್ಲಿಪ್ಪು ಅಂಗೈಯಲ್ಲಿ ಹಿಡಿದು ಕೂತಿದ್ದೇನೆ, ಕಣ್ಣು ಮುಚ್ಚಿದರೆ ಅವಳ ತಲೆಯಲ್ಲಿ ಕೆಂಪೇ ಕಾಣುತ್ತದೆ.